ಬೆಂಕಿ ಅಂತ ನೀನು ಹೇಳಬೇಡ: ಪರ್ಸಿವಲ್ ಎವರೆಟ್ ಕಾದಂಬರಿಗಳ ಸುತ್ತ

(ನಮ್ಮೂರಿನ ಓದುಗರ ಬಳಗದಲ್ಲಿ ಆಡಿದ ಮಾತು. ಬರೆಯುವಾಗ ಒಂದಷ್ಟು ಸೇರಿದೆ, ಒಂದಷ್ಟು ಬಿಟ್ಟುಹೋಗಿದೆ.)

ಎಲ್ಲರಿಗೂ ನಮಸ್ಕಾರ.

ಒಂದು ಸಣ್ಣ ಪರೀಕ್ಷೆಯಿಂದ ಶುರು ಮಾಡುತ್ತೇನೆ. ನೀವು ದಾರಿಯಲ್ಲಿ ಹೋಗುತ್ತಿದ್ದೀರಿ. ಒಬ್ಬಾಕೆಯ ಅಡುಗೆಮನೆಗೆ ಬೆಂಕಿ ಬಿದ್ದಿದೆ. ಆಕೆ ಅಂಗಳದಲ್ಲಿ ಮನೆಗೆ ಬೆನ್ನು ಹಾಕಿ ನಿಂತಿದ್ದಾಳೆ. ಏನೂ ಗೊತ್ತಿಲ್ಲ. ನೀವು ಏನಂತ ಕೂಗುತ್ತೀರಿ?

‘ಬೆಂಕಿ, ಬೆಂಕಿ!’ ಅಂತ. ಅಲ್ವಾ?

ಆಕೆ ಬಿಳಿಯಳು, ನೀವು ಗುಲಾಮರು ಅಂತಾದರೆ ಈ ಉತ್ತರಕ್ಕೆ ಪೂರ್ತಿ ಅಂಕ ಸಿಗುವುದಿಲ್ಲ. ‘ಅಯ್ಯಯ್ಯೋ ಅಮ್ಮೋರೇ, ಅಲ್ನೋಡಿ’ ಅನ್ನಬೇಕು. ಬೆಂಕಿ ಅನ್ನುವ ಮಾತು ನಿಮ್ಮ ಬಾಯಿಂದ ಬರಬಾರದು. ಆಕೆ ತಿರುಗಿ ನೋಡಬೇಕು. ಬೆಂಕಿ ಅಂತ ಆಕೆಯೇ ಹೇಳಬೇಕು. ಏನು ನಡೆದರೂ ಅದಕ್ಕೆ ಹೆಸರಿಡುವ ಹಕ್ಕು ಬಿಳಿಯರದ್ದು. ಅವರಿಗಿಂತ ಮೊದಲು ನಿಮಗೆ ಗೊತ್ತಾಯಿತು ಅಂತ ಅವರಿಗೆ ಅನ್ನಿಸಬಾರದು. ಉರಿಯುತ್ತಿರುವುದು ಬಾಣಲೆಯ ಕೊಬ್ಬು, ಆಕೆ ನೀರು ಸುರಿಯಲು ಹೊರಟಿದ್ದಾಳೆ ಅಂದುಕೊಳ್ಳಿ. ನೀರು ಹಾಕಬೇಡಿ ಅನ್ನುವಂತಿಲ್ಲ. ಒಸಿ ಮರಳು ತರ್ಲಾ ಅಮ್ಮೋರೇ ಅಂತ ಪೆದ್ದರ ಹಾಗೆ ಕೇಳಬೇಕು.

ಈ ಪಾಠ ಬರುವುದು ‘ಜೇಮ್ಸ್’ ಅನ್ನುವ ಕಾದಂಬರಿಯ ಶುರುವಿನಲ್ಲಿ. ಜಾಗ ಮಿಸ್ಸಿಸಿಪ್ಪಿ ನದಿ ದಂಡೆಯ ಒಂದು ಗುಡಿಸಲು. ಪಾಠ ಹೇಳುವವನು ಜೇಮ್ಸ್, ಅವನೂ ಗುಲಾಮ. ಗುಡಿಸಲಿನ ಒಳಗೆ ಮಕ್ಕಳ ಜೊತೆ ಅವನದು ಅಚ್ಚುಕಟ್ಟಾದ ಇಂಗ್ಲಿಷು, ಕಾಲೇಜು ಮೇಷ್ಟ್ರ ಹಾಗೆ. ಒಡೆದ ಇಂಗ್ಲಿಷು ಏನಿದ್ದರೂ ಬಿಳಿಯರ ಎದುರಿಗೆ. ಅದನ್ನು ಮಕ್ಕಳಿಗೆ ಮಗ್ಗಿ ಕಲಿಸಿದ ಹಾಗೆ ಕೂರಿಸಿಕೊಂಡು ಕಲಿಸಬೇಕು. ತಪ್ಪಿದರೆ ಚಾಟಿ ಏಟು, ಕೆಲವೊಮ್ಮೆ ಜೀವವೇ ಹೋಗುತ್ತದೆ.

ಬರೆದವರು ಪರ್ಸಿವಲ್ ಎವರೆಟ್. 2024ರಲ್ಲಿ ಬಂದ ಈ ಪುಸ್ತಕಕ್ಕೆ ಅದೇ ವರ್ಷ ಅಮೆರಿಕದ ನ್ಯಾಷನಲ್ ಬುಕ್ ಅವಾರ್ಡ್ ಸಿಕ್ಕಿತು, 2025ರಲ್ಲಿ ಪುಲಿಟ್ಜರ್. ಹೊಸ ಲೇಖಕನೊಬ್ಬ ಸಿಕ್ಕಿದ ಅನ್ನುವ ಹಾಗೆ ಎಲ್ಲ ಕಡೆ ಸಂಭ್ರಮ. ಹೊಸಬರೇನಲ್ಲ. ಆಗ ಅವರಿಗೆ 67 ವರ್ಷ. ಮೊದಲ ಕಾದಂಬರಿ ‘ಸುಡರ್’ ಬಂದದ್ದು 1983ರಲ್ಲಿ. ಅಲ್ಲಿಂದ ಇಲ್ಲಿಗೆ ಇಪ್ಪತ್ತಕ್ಕೂ ಜಾಸ್ತಿ ಕಾದಂಬರಿ, ಅದರ ಮೇಲೆ ಕಥೆ, ಕವಿತೆ. ಬಹಳ ವರ್ಷ ಅವರ ಪುಸ್ತಕ ತಂದದ್ದು ಮಿನಿಯಾಪೊಲಿಸ್‌ನ ಗ್ರೇವುಲ್ಫ್ ಅನ್ನುವ, ಲಾಭಕ್ಕಲ್ಲದೆ ನಡೆಯುವ ಸಣ್ಣ ಪ್ರಕಾಶನ. ಓದುವವರು ಕಡಿಮೆ ಇದ್ದರು. ಅವರು ತಮ್ಮ ಪಾಡಿಗೆ ಬರೆಯುತ್ತಿದ್ದರು.

ಮನುಷ್ಯನ ಬಗ್ಗೆ ಬೇಗ ಹೇಳಿ ಮುಗಿಸುತ್ತೇನೆ. ಹುಟ್ಟಿದ್ದು 1956ರಲ್ಲಿ, ಜಾರ್ಜಿಯಾದ ಒಂದು ಸೇನಾ ನೆಲೆಯಲ್ಲಿ. ಬೆಳೆದದ್ದು ಸೌತ್ ಕ್ಯಾರೊಲಿನಾದ ಕೊಲಂಬಿಯಾ ಊರಿನಲ್ಲಿ. ತಂದೆ ಹಲ್ಲಿನ ಡಾಕ್ಟರು. ಓದಿದ್ದು ತತ್ವಶಾಸ್ತ್ರ. ರ‍್ಯಾಂಚ್‌ನಲ್ಲಿ ದನ ಕುದುರೆ ನೋಡಿಕೊಂಡಿದ್ದಾರೆ, ಗಿಟಾರ್ ನುಡಿಸಿ ಸಂಪಾದಿಸಿದ್ದಾರೆ, ಚಿತ್ರ ಬರೆಯುತ್ತಾರೆ. ಈಗ ಲಾಸ್ ಏಂಜಲಿಸ್‌ನ ಯೂನಿವರ್ಸಿಟಿ ಆಫ್ ಸದರ್ನ್ ಕ್ಯಾಲಿಫೋರ್ನಿಯಾದಲ್ಲಿ ಪ್ರೊಫೆಸರ್. ಹೆಂಡತಿ ಡಾನ್ಜಿ ಸೆನ್ನಾ ಕೂಡ ಕಾದಂಬರಿಕಾರ್ತಿ. ಇಷ್ಟು ಸಾಕು.

ಇಷ್ಟೊಂದು ಪುಸ್ತಕ ಒಂದರ ಹಾಗೆ ಇನ್ನೊಂದಿಲ್ಲ. ಕೌಬಾಯ್ ಕಥೆ ಇದೆ, ಪತ್ತೇದಾರಿ ಇದೆ, ಗ್ರೀಕ್ ಪುರಾಣ ಇದೆ. ಆದರೆ ಎಲ್ಲದರ ಅಡಿಯಲ್ಲೂ ನನಗೆ ಕಾಣುವುದು ಆ ಗುಡಿಸಲಿನ ಪಾಠವೇ. ನೀನು ಹೀಗೆ ಮಾತಾಡಬೇಕು ಅಂತ ಇನ್ನೊಬ್ಬರು ಒಂದು ಭಾಷೆ, ಒಂದು ಹೆಸರು, ಒಂದು ಹಾಡು ತಂದು ನಿಮ್ಮ ಕೈಗೆ ಕೊಡುತ್ತಾರೆ. ಅದನ್ನು ಇಟ್ಟುಕೊಂಡು ನೀವು ಏನು ಮಾಡುತ್ತೀರಿ? ಎವರೆಟ್ ನಲವತ್ತು ವರ್ಷದಿಂದ ಕೇಳುತ್ತಿರುವುದು ಇದನ್ನೇ.

2001ರ ‘ಎರೇಷರ್’ ತೆಗೆದುಕೊಳ್ಳಿ. ಎರೇಷರ್ ಅಂದರೆ ಅಳಿಸುವುದು. ಈ ಮಾತು ನೆನಪಿಟ್ಟುಕೊಳ್ಳಿ, ಮತ್ತೆ ಬರುತ್ತೆ. ಇದರ ನಾಯಕ ಮಂಕ್ ಎಲಿಸನ್, ಕಪ್ಪು ಲೇಖಕ, ಪ್ರೊಫೆಸರ್. ಗ್ರೀಕ್ ನಾಟಕಗಳನ್ನು ಹೊಸದಾಗಿ ಬರೆಯುವ, ಯಾರೂ ಓದದ ಕಾದಂಬರಿಗಳು ಅವನವು. ಒಂದು ದಿನ ಪುಸ್ತಕದಂಗಡಿಗೆ ಹೋಗಿ ತನ್ನ ಪುಸ್ತಕ ಹುಡುಕುತ್ತಾನೆ. ಸಾಹಿತ್ಯದ ಕಪಾಟಿನಲ್ಲಿ ಇಲ್ಲ. ಎಲ್ಲಿದೆ ಅಂದರೆ ‘ಆಫ್ರಿಕನ್ ಅಮೆರಿಕನ್ ಅಧ್ಯಯನ’ದ ಕಪಾಟಿನಲ್ಲಿ! ಒಳಗಿರುವುದು ಪುರಾತನ ಗ್ರೀಸಿನ ವಿಷಯ. ಕಪಾಟು ಮಾತ್ರ ಹಿಂಬದಿಯ ಫೋಟೋ ನೋಡಿ ತೀರ್ಮಾನವಾಗಿದೆ.

ಪ್ರಕಾಶಕರು ಅವನಿಗೆ ಹೇಳುವುದು ಒಂದೇ: ನಿನ್ನ ಬರವಣಿಗೆಯಲ್ಲಿ ಕಪ್ಪುತನ ಸಾಲದು. ಕಪ್ಪುತನ ಅಂದರೆ ಕೊಳೆಗೇರಿ, ಬಂದೂಕು, ಹರಕು ಇಂಗ್ಲಿಷು. ಸಿಟ್ಟಿನಲ್ಲಿ ಅವನು ಅಂಥದ್ದೇ ಒಂದನ್ನು ಕಳ್ಳಹೆಸರಿನಲ್ಲಿ ಬರೆದು ಬಿಸಾಡುತ್ತಾನೆ. ಅಣಕ ಅಂತ ಯಾರಿಗೂ ಗೊತ್ತಾಗುವುದಿಲ್ಲ. ದುಡ್ಡು ಸುರಿಯುತ್ತದೆ. ತಡೆಯಲಾಗದೆ ಪುಸ್ತಕದ ಹೆಸರನ್ನೇ ಒಂದು ಬೈಗುಳಕ್ಕೆ ಬದಲಾಯಿಸಿ ಅಂತಾನೆ, ಇಲ್ಲಿ ಹೇಳುವಂಥದ್ದಲ್ಲ. ಅದಕ್ಕೂ ಒಪ್ಪುತ್ತಾರೆ. ಕೊನೆಗೆ ದೊಡ್ಡ ಪ್ರಶಸ್ತಿಯೊಂದರ ತೀರ್ಪುಗಾರರಲ್ಲಿ ಅವನೂ ಒಬ್ಬ. ಮೇಜಿನ ಮೇಲೆ ಬಂದು ಕೂರುವುದು ಅವನದೇ ಪುಸ್ತಕ. ಇದು ಕೆಟ್ಟ ಪುಸ್ತಕ ಅಂತ ಅವನು ವಾದಿಸುತ್ತಾನೆ. ಉಳಿದವರು ಒಪ್ಪುವುದಿಲ್ಲ.

ಎವರೆಟ್ ಆ ಅಣಕ ಕಾದಂಬರಿಯನ್ನು ಪೂರ್ತಿಯಾಗಿ ಒಳಗೇ ಕೊಟ್ಟಿದ್ದಾರೆ. ಓದುವಾಗ ನಗುತ್ತೇವೆ. ನಗುತ್ತಾ ಪುಟ ಬೇಗ ಬೇಗ ತಿರುಗಿಸುತ್ತೇವೆ. ಆಮೇಲೆ ನಾಚಿಕೆ ಆಗುತ್ತದೆ. ಯಾಕೆಂದರೆ ಉಳಿದ ಭಾಗದಲ್ಲಿ ಮಂಕ್‌ನ ತಾಯಿಗೆ ಮರೆವಿನ ಕಾಯಿಲೆ ಶುರುವಾಗಿದೆ, ಡಾಕ್ಟರ್ ಆಗಿದ್ದ ಅಕ್ಕನನ್ನು ಕೊಂದಿದ್ದಾರೆ, ಮನೆ ಒಡೆದಿದೆ. ಅಲ್ಲಿ ನಾವು ಅಷ್ಟು ಬೇಗ ಓದಿರಲಿಲ್ಲ. ಇದನ್ನೇ ಕಾರ್ಡ್ ಜೆಫರ್ಸನ್ 2023ರಲ್ಲಿ ‘ಅಮೆರಿಕನ್ ಫಿಕ್ಷನ್’ ಸಿನಿಮಾ ಮಾಡಿ ಚಿತ್ರಕಥೆಗೆ ಆಸ್ಕರ್ ತಗೊಂಡರು. ಸಿನಿಮಾ ಚೆನ್ನಾಗಿದೆ. ಪುಸ್ತಕ ಜಾಸ್ತಿ ಕಹಿ.

ನನಗೆ ಎವರೆಟ್ ಹಿಡಿಸಿದ್ದು ಕಾದಂಬರಿಯಿಂದಲ್ಲ, 1996ರ ಒಂದು ಸಣ್ಣಕಥೆಯಿಂದ. ಹೆಸರು ‘ದಿ ಅಪ್ರೋಪ್ರಿಯೇಷನ್ ಆಫ್ ಕಲ್ಚರ್ಸ್’. ಹೆಸರು ಸೆಮಿನಾರ್ ಪೇಪರಿನ ಹಾಗಿದೆ, ಹೆದರಬೇಡಿ. ಜಾಗ ಅವರದೇ ಊರು ಕೊಲಂಬಿಯಾ. ಡೇನಿಯಲ್ ಅಂತ ಒಬ್ಬ ಕಪ್ಪು ಯುವಕ. ಓದಿದವನು, ದುಡ್ಡಿನ ಚಿಂತೆ ಇಲ್ಲ, ಸಂಜೆ ಗಿಟಾರ್ ನುಡಿಸುತ್ತಾನೆ. ಒಂದು ರಾತ್ರಿ ಕಾಲೇಜಿನ ಬಿಳಿ ಹುಡುಗರು ‘ಡಿಕ್ಸಿ ಹಾಡು’ ಅಂತ ಕೂಗುತ್ತಾರೆ.

ಡಿಕ್ಸಿ ಅಂದರೆ ಏನು ಅಂತ ಹೇಳಬೇಕು. ಗುಲಾಮಗಿರಿ ಉಳಿಸಿಕೊಳ್ಳಲು ದಕ್ಷಿಣದ ರಾಜ್ಯಗಳು 1861ರಲ್ಲಿ ಯುದ್ಧಕ್ಕೆ ಇಳಿದವಲ್ಲ, ಅವರ ಪಾಲಿಗೆ ನಾಡಗೀತೆಯ ಹಾಗಿದ್ದ ಹಾಡು ಇದು. ಹತ್ತಿ ಬೆಳೆಯುವ ನಾಡಿನಲ್ಲಿ ನಾನಿರಬೇಕಿತ್ತು ಅಂತ ಹಂಬಲಿಸುವ ಹಾಡು. ಕಪ್ಪು ಹುಡುಗನಿಗೆ ಅದನ್ನು ಹಾಡು ಅನ್ನುವುದು ಸುಮ್ನೆ ತಮಾಷೆಯಲ್ಲ, ಕೆಣಕುವುದು.

ಡೇನಿಯಲ್ ಹಾಡುತ್ತಾನೆ. ನಿಧಾನವಾಗಿ, ಮನಸ್ಸಿಟ್ಟು ಹಾಡುತ್ತಾನೆ. ಹೌದಲ್ಲ, ಇದು ನನ್ನ ನೆಲ, ಹತ್ತಿ ಬಿಡಿಸಿದವರು ನಮ್ಮವರು ಅನ್ನುವ ಹಾಗೆ. ಕೆಣಕಿದವರ ಮುಖ ಸಪ್ಪಗಾಗುತ್ತದೆ. ಅಲ್ಲಿಗೆ ನಿಲ್ಲುವುದಿಲ್ಲ. ಯಾರೋ ಪಿಕಪ್ ಗಾಡಿ ಮಾರಾಟಕ್ಕಿಟ್ಟಿದ್ದಾರೆ, ಹಿಂದಿನ ಗಾಜಿನ ಮೇಲೆ ಅದೇ ದಕ್ಷಿಣದ ಬಂಡಾಯದ ಬಾವುಟ. ಇವನು ಗಾಡಿ ಕೊಳ್ಳುತ್ತಾನೆ. ಬಾವುಟ ಇದೆಯಲ್ಲ ಅಂತ ಮಾರುವ ಗಂಡ ಹೆಂಡತಿ ಮುಜುಗರ ಪಡುತ್ತಾರೆ. ಅದಕ್ಕೇ ಕೊಳ್ಳುತ್ತಿರುವುದು ಅಂತಾನೆ. ನಾನೂ ದಕ್ಷಿಣದವನೇ ತಾನೇ, ಬಾವುಟ ನನ್ನದೇ. ಬರಬರುತ್ತಾ ಊರಿನ ಕಪ್ಪು ಜನರೆಲ್ಲ ಆ ಬಾವುಟವನ್ನು ಕಾರಿಗೆ ಅಂಟಿಸಿಕೊಳ್ಳುತ್ತಾರೆ, ಕೋಟಿಗೆ ಚುಚ್ಚಿಕೊಳ್ಳುತ್ತಾರೆ. ಒಂದು ದಿನ ಶಾಸನಸಭೆಯ ಮೇಲಿದ್ದ ಬಾವುಟ ಸದ್ದಿಲ್ಲದೆ ಕೆಳಗಿಳಿದಿರುತ್ತದೆ.

ಕಥೆ ಅಂತ ನಕ್ಕುಬಿಡಬಹುದು. ಆದರೆ 1989ರಲ್ಲಿ ಅದೇ ಸೌತ್ ಕ್ಯಾರೊಲಿನಾ ಶಾಸನಸಭೆ ಎವರೆಟ್ ಅವರನ್ನು ಮಾತಾಡಲು ಕರೆದಿತ್ತು. ಆ ಬಾವುಟ ಇರುವ ಕಡೆ ಮಾತು ಮುಂದುವರಿಸಲಾರೆ ಅಂತ ಅವರು ನಿಲ್ಲಿಸಿಬಿಟ್ಟರು. ಬಾವುಟ ಗುಮ್ಮಟದಿಂದ ಇಳಿದದ್ದು 2000ರಲ್ಲಿ, ಇಳಿದು ಪಕ್ಕದ ಹುಲ್ಲುಹಾಸಿಗೆ ಬಂತು ಅಷ್ಟೇ. ಅಲ್ಲಿಂದಲೂ ಹೋಗಬೇಕಾದರೆ 2015 ಆಗಬೇಕಾಯಿತು, ಚಾರ್ಲ್‌ಸ್ಟನ್‌ನ ಚರ್ಚಿನಲ್ಲಿ 9 ಜನ ಕಪ್ಪು ಭಕ್ತರು ಗುಂಡಿಗೆ ಬಲಿಯಾಗಬೇಕಾಯಿತು. ಕಥೆಯಲ್ಲಿ ರಕ್ತ ಇಲ್ಲದೆ ಆದದ್ದು ಊರಿನಲ್ಲಿ ಹಾಗೆ ಆಗಲಿಲ್ಲ.

ಎಲ್ಲವೂ ಚೆನ್ನಾಗಿದೆ ಅಂತ ನಾನು ಹೇಳುವುದಿಲ್ಲ. ‘ಗ್ಲಿಫ್’ನಲ್ಲಿ ಒಂದು ಕೂಸು. ಮಾತಾಡುವುದಿಲ್ಲ, ಆದರೆ ಫ್ರೆಂಚ್ ಸಿದ್ಧಾಂತಿಗಳನ್ನೆಲ್ಲ ಓದಿಕೊಂಡಿದೆ. ಐಡಿಯಾ ಮಜಾ ಇದೆ, ಅರ್ಧ ಪುಸ್ತಕ ನನಗೆ ತಲೆಗೆ ಹತ್ತಲಿಲ್ಲ. ‘ಡಾಕ್ಟರ್ ನೋ’ ಪುಸ್ತಕದಲ್ಲಿ ‘ಏನೂ ಇಲ್ಲ’ ಅನ್ನುವುದರ ಮೇಲೆ ಸಂಶೋಧನೆ ಮಾಡುವ ಗಣಿತದ ಮೇಷ್ಟ್ರು. ‘ಏನೂ ಇಲ್ಲ’ವನ್ನು ಕದಿಯಲು ಹೊರಟ ಶ್ರೀಮಂತ ಖಳನಾಯಕ. ನೂರು ಪುಟ ನಗು ಬಂತು, ಆಮೇಲೆ ಅದೇ ಜೋಕು ಎಳೆದಂತಾಯಿತು. ‘ಐ ಆಮ್ ನಾಟ್ ಸಿಡ್ನಿ ಪಾಟಿಯೆ’ ಮಾತ್ರ ಬಿಡಬೇಡಿ. ಸಿಡ್ನಿ ಪಾಟಿಯೆ ದೊಡ್ಡ ನಟ, ಮುಖ್ಯ ಪಾತ್ರಕ್ಕೆ ಆಸ್ಕರ್ ಗೆದ್ದ ಮೊದಲ ಕಪ್ಪು ನಟ. ಈ ಹುಡುಗನಿಗೆ ಅಮ್ಮ ಇಟ್ಟ ಹೆಸರೇ ‘ನಾಟ್ ಸಿಡ್ನಿ’, ಸಿಡ್ನಿ ಅಲ್ಲ ಅಂತ. ನೋಡಲು ಥೇಟ್ ಸಿಡ್ನಿಯೇ. ನಿನ್ನ ಹೆಸರೇನು? ನಾಟ್ ಸಿಡ್ನಿ. ಅದಲ್ಲಪ್ಪ, ಯಾವುದು ಅಂತ ಹೇಳು. ಹೆಸರು ಹೇಳಿದ್ದಕ್ಕೇ ಒದೆ ತಿನ್ನುತ್ತಾನೆ. ಮಗನಿಗೆ ‘ಅಣ್ಣಾವ್ರಲ್ಲ’ ಅಂತ ನಾಮಕರಣ ಮಾಡಿ ಶಾಲೆಗೆ ಸೇರಿಸಿದ ಹಾಗೆ.

2020ರ ‘ಟೆಲಿಫೋನ್’ ಬಗ್ಗೆ ಒಂದು ಸ್ವಂತ ಅನುಭವ. ಅಮೆರಿಕದಲ್ಲಿರುವ ನನ್ನ ಅಕ್ಕನ ಮಗ ಎರಡು ಪ್ರತಿ ಕೊಂಡು ಒಂದನ್ನು ನನಗೆ ಕಳಿಸಿದ. ಮಗಳು ವಾಸಿಯಾಗದ ಕಾಯಿಲೆಗೆ ಬಿದ್ದ ಒಬ್ಬ ಭೂವಿಜ್ಞಾನಿಯ ಕಥೆ. ಓದಿ ಮುಗಿಸಿ ಫೋನಿನಲ್ಲಿ ಮಾತಾಡಿದೆವು. ಕೊನೆಯ ಬಗ್ಗೆ ಜಗಳ ಬಂತು. ಅವನು ಹೇಳಿದ್ದು ನನ್ನ ಪುಸ್ತಕದಲ್ಲಿ ಇರಲೇ ಇಲ್ಲ. ಮಾಮ, ನೀವು ಸರಿಯಾಗಿ ಓದಿಲ್ಲ ಅಂದ. ನನಗೂ ಸಿಟ್ಟು ಬಂತು. ಆಮೇಲೆ ಗೊತ್ತಾಯಿತು, ಎವರೆಟ್ ಈ ಕಾದಂಬರಿಯ ಮೂರು ರೂಪ ಬರೆದು ಮೂರನ್ನೂ ಹೆಚ್ಚುಕಡಿಮೆ ಒಂದೇ ರಕ್ಷಾಪುಟದಲ್ಲಿ ಅಚ್ಚು ಹಾಕಿಸಿದ್ದಾರೆ. ನಿಮ್ಮ ಕೈಗೆ ಯಾವುದು ಬರುತ್ತದೋ ಅದು. ಹೆಸರಿಗೆ ತಕ್ಕ ಹಾಗೆ ಫೋನಿನಲ್ಲೇ ನಮಗೆ ಟೋಪಿ ಬಿತ್ತು.

‘ದಿ ಟ್ರೀಸ್’ ಬಂದದ್ದು 2021ರಲ್ಲಿ, ಮರುವರ್ಷ ಬೂಕರ್ ಪ್ರಶಸ್ತಿಯ ಕೊನೆಯ ಆರರಲ್ಲಿ ಒಂದು. ಮಿಸ್ಸಿಸಿಪ್ಪಿ ರಾಜ್ಯದ ಮನಿ ಅನ್ನುವ ಸಣ್ಣ ಊರು. 1955ರ ಆಗಸ್ಟ್‌ನಲ್ಲಿ ಶಿಕಾಗೋದಿಂದ ನೆಂಟರ ಮನೆಗೆ ಬಂದಿದ್ದ 14 ವರ್ಷದ ಎಮೆಟ್ ಟಿಲ್ ಅಂಗಡಿಯ ಬಿಳಿ ಹೆಂಗಸಿಗೆ ಅಗೌರವ ತೋರಿದ ಅಂತ ಇಬ್ಬರು ಅವನನ್ನು ಎಳೆದೊಯ್ದು ಕೊಂದರು. ಪೂರಾ ಬಿಳಿಯರೇ ಇದ್ದ ಜ್ಯೂರಿ ಅವರನ್ನು ಬಿಟ್ಟುಬಿಟ್ಟಿತು. ಇದು ನಡೆದ ಸಂಗತಿ. ಕಾದಂಬರಿಯಲ್ಲಿ ಆ ಕೊಲೆಗಾರರ ಮನೆಯವರು ಒಬ್ಬೊಬ್ಬರಾಗಿ ಸಾಯುತ್ತಾರೆ. ಪ್ರತಿ ಹೆಣದ ಪಕ್ಕ ಒಬ್ಬ ಕಪ್ಪು ಮನುಷ್ಯನ ಹೆಣ. ಶವಾಗಾರದಿಂದ ಅದು ಮಾಯವಾಗುತ್ತದೆ, ಮುಂದಿನ ಕೊಲೆಯ ಜಾಗದಲ್ಲಿ ಮತ್ತೆ ಸಿಗುತ್ತದೆ.

ವಿಚಿತ್ರ ಅಂದರೆ ಪುಸ್ತಕ ನಗಿಸುತ್ತದೆ. ಇಬ್ಬರು ಕಪ್ಪು ಪತ್ತೇದಾರರ ಮಾತು ಕೇಳಿದರೆ ಹಳೇ ನಾಟಕ ಕಂಪನಿಯ ಹಾಸ್ಯದ ಜೋಡಿ ನೆನಪಾಗುತ್ತದೆ. ನಗುತ್ತಾ ಹೋಗುವಾಗ ಒಂದು ಅಧ್ಯಾಯದಲ್ಲಿ ಬರೀ ಹೆಸರುಗಳು. ಗುಂಪುಗಳ ಕೈಯಲ್ಲಿ ಸತ್ತವರ ಹೆಸರುಗಳು, ಪುಟಗಟ್ಟಲೆ. ಕಥೆಯೊಳಗಿನ ಒಬ್ಬ ಪ್ರೊಫೆಸರ್ ಆ ಹೆಸರುಗಳನ್ನು ಪೆನ್ಸಿಲ್‌ನಲ್ಲಿ ಬರೆಯುತ್ತಾ ಕೂತಿರುತ್ತಾನೆ. ಪೆನ್ಸಿಲ್ ಯಾಕೆ? ಬರೆದಾದ ಮೇಲೆ ಒಂದೊಂದಾಗಿ ಅಳಿಸುತ್ತಾನಂತೆ, ಅವರನ್ನು ಬಿಡುಗಡೆ ಮಾಡಲು. ‘ಎರೇಷರ್’ನಲ್ಲಿ ಲೇಖಕ ತನ್ನನ್ನೇ ಅಳಿಸಿಕೊಳ್ಳುತ್ತಿದ್ದ. ಇಪ್ಪತ್ತು ವರ್ಷದ ಮೇಲೆ ಅದೇ ಮಾತು ಪೂಜೆಯ ಹಾಗೆ ಬಂದಿದೆ.

ಮೂರು ವರ್ಷದ ನಂತರ ‘ಜೇಮ್ಸ್’ನಲ್ಲಿ ಮತ್ತೆ ಪೆನ್ಸಿಲ್. ಮಾರ್ಕ್ ಟ್ವೇನ್ 1884ರಲ್ಲಿ ಬರೆದ ‘ಹಕಲ್‌ಬರಿ ಫಿನ್’ ನಿಮಗೆ ಗೊತ್ತು. ಹಕ್ ಅನ್ನುವ ಬಿಳಿ ಹುಡುಗ, ಜಿಮ್ ಅನ್ನುವ ಓಡಿಹೋದ ಗುಲಾಮ, ತೆಪ್ಪದ ಮೇಲೆ ನದಿಯಲ್ಲಿ ಪಯಣ. ಎವರೆಟ್ ಅದೇ ಕಥೆಯನ್ನು ಜಿಮ್‌ನ ಬಾಯಿಂದ ಹೇಳಿಸುತ್ತಾರೆ. ಜಿಮ್ ಅನ್ನುವುದು ಬಿಳಿಯರು ಕರೆಯುವ ಹೆಸರು, ತಾನು ಜೇಮ್ಸ್ ಅಂತಾನೆ. ನ್ಯಾಯಾಧೀಶರ ಮನೆಯ ಪುಸ್ತಕಗಳನ್ನು ಕದ್ದು ಓದಿದವನು. ಕನಸಿನಲ್ಲಿ ಫ್ರಾನ್ಸಿನ ಚಿಂತಕ ವೋಲ್ಟೇರ್ ಬಂದರೆ ನಿಮ್ಮ ಸಮಾನತೆಯಲ್ಲಿ ನಾನೆಲ್ಲಿದ್ದೇನೆ ಅಂತ ಜಗಳ ಆಡುತ್ತಾನೆ. ಅವನಿಗೆ ಬರೆಯುವ ಆಸೆ. ಒಬ್ಬ ಗುಲಾಮ ಅವನಿಗಾಗಿ ಯಜಮಾನನ ಪೆನ್ಸಿಲ್ ತುಂಡು ಕದ್ದು ತರುತ್ತಾನೆ. ಆ ತುಂಡಿಗೆ ಕದ್ದು ತಂದವನು ಕೊಟ್ಟ ಬೆಲೆ ಪ್ರಾಣ.

ಇನ್ನೊಂದು ಪ್ರಸಂಗ ಹೇಳಲೇಬೇಕು. ಆಗ ಅಮೆರಿಕದಲ್ಲಿ ಮಿನ್‌ಸ್ಟ್ರೆಲ್ ಆಟಗಳಿದ್ದವು. ಬಿಳಿಯರು ಮುಖಕ್ಕೆ ಮಸಿ ಬಳಿದುಕೊಂಡು ಕಪ್ಪು ಜನರನ್ನು ಅಣಕಿಸಿ ಹಾಡಿ ಕುಣಿಯುವುದು. ಅಂಥ ಒಂದು ಮೇಳಕ್ಕೆ ಹಾಡುಗಾರ ಬೇಕು. ಜೇಮ್ಸ್ ಚೆನ್ನಾಗಿ ಹಾಡುತ್ತಾನೆ. ಆದರೆ ನಿಜವಾದ ಕಪ್ಪು ಮನುಷ್ಯ ವೇದಿಕೆ ಹತ್ತುವಂತಿಲ್ಲ. ಅದಕ್ಕೆ ಅವನಿಗೆ ಬಣ್ಣ ಹಚ್ಚುತ್ತಾರೆ, ಕಪ್ಪು ಬಣ್ಣ ಬಳಿದುಕೊಂಡ ಬಿಳಿಯನ ಹಾಗೆ ಕಾಣಲು. ಕರಿಯ, ಬಿಳಿಯನ ವೇಷದಲ್ಲಿ, ಕರಿಯನ ವೇಷದಲ್ಲಿ! ಮೇಳದ ಯಜಮಾನ ಡೇನಿಯಲ್ ಡೆಕಟರ್ ಎಮೆಟ್. ಇವನು ಕಟ್ಟುಕಥೆಯ ಮನುಷ್ಯನಲ್ಲ, ನಿಜವಾಗಿ ಇದ್ದವನು. ಡಿಕ್ಸಿ ಹಾಡು ಕಟ್ಟಿದವನು ಅಂತ ಹೆಸರಾದವನು ಇವನೇ.

ಅಂದರೆ 1996ರಲ್ಲಿ ಹಾಡನ್ನು ಕಿತ್ತುಕೊಂಡ ಎವರೆಟ್, 2024ರಲ್ಲಿ ಹಾಡು ಕಟ್ಟಿದವನನ್ನೇ ಕಥೆಯೊಳಗೆ ಕರೆತಂದಿದ್ದಾರೆ. ಜೇಮ್ಸ್ ಆ ಮೇಳದಿಂದ ಓಡಿಹೋಗುವಾಗ ಎಮೆಟ್‌ನ ಹಾಡುಗಳ ನೋಟ್‌ಬುಕ್ಕು ಹೊತ್ತೊಯ್ಯುತ್ತಾನೆ. ಅದರ ಖಾಲಿ ಹಾಳೆಗಳಲ್ಲಿ, ಆ ಪೆನ್ಸಿಲ್ ತುಂಡಿನಿಂದ ತನ್ನ ಕಥೆ ಬರೆಯುತ್ತಾನೆ.

ಈಗ ನನ್ನ ತಕರಾರು. ಗುಡಿಸಲಿನ ಒಳಗಿನ ಭಾಷೆ ಯಾಕೆ ಶಿಷ್ಟ ಇಂಗ್ಲಿಷೇ ಆಗಬೇಕು? ಕಪ್ಪು ಜನರ ಇಂಗ್ಲಿಷಿಗೆ ಅದರದ್ದೇ ವ್ಯಾಕರಣ ಇದೆ ಅಂತ ಭಾಷಾವಿಜ್ಞಾನಿಗಳು ಎಂದೋ ತೋರಿಸಿದ್ದಾರೆ. ಅದು ಬರೀ ಮುಖವಾಡ ಅಂದರೆ, ಅದರಲ್ಲೇ ಜೋಗುಳ ಹಾಡಿದವರ ಗತಿ ಏನು? ಎವರೆಟ್ ಪರವಾಗಿಯೂ ಒಂದು ಮಾತಿದೆ. ಅವರು ಗೇಲಿ ಮಾಡುತ್ತಿರುವುದು ಜನರ ಮಾತನ್ನಲ್ಲ, ಬಿಳಿಯರು ಅಚ್ಚು ಹಾಕಿಸಿದ ಮಾತನ್ನು. ಟ್ವೇನ್ ತಮ್ಮ ಪುಸ್ತಕದ ಮೊದಲಿಗೇ ನಾನು ಇಂತಿಂಥ ಆಡುಮಾತು ಕಷ್ಟಪಟ್ಟು ಬಳಸಿದ್ದೇನೆ ಅಂತ ಟಿಪ್ಪಣಿ ಹಾಕಿದ್ದರು. ಇದು ಸರಿಯೇ. ಆದರೂ ನನ್ನ ತಕರಾರು ಪೂರ್ತಿ ಹೋಗಲಿಲ್ಲ.

ಹೋಗದಿದ್ದುದಕ್ಕೆ ಕಾರಣ, ಆ ಬೆಂಕಿಯ ಪಾಠವನ್ನು ಕನ್ನಡಕ್ಕೆ ತರಲು ಕೂತೆ. ಎರಡು ಭಾಷೆ ಬೇಕಲ್ಲ? ಒಳಗಿನದಕ್ಕೆ ಪುಸ್ತಕದ ಕನ್ನಡ ಅಂತಿಟ್ಟುಕೊಂಡೆ. ಹೊರಗಿನದಕ್ಕೆ ನಮ್ಮ ಚಾಮರಾಜನಗರ ಕಡೆಯ ಮಾತು, ಧಣಿಗಳ ಮುಂದೆ ‘ಬುದ್ಧೀ’ ಅನ್ನುವ ಮಾತು. ಎರಡು ಪುಟ ಆಯಿತು. ಆಮೇಲೆ ಪೆನ್ನು ನಡೆಯಲಿಲ್ಲ. ಯಾಕೆಂದರೆ ಆ ಮಾತಿನಲ್ಲೇ ದೇವನೂರ ಮಹಾದೇವ ‘ಕುಸುಮಬಾಲೆ’ ಬರೆದಿದ್ದಾರೆ. ಅಲ್ಲಿ ಅದು ಮುಖವಾಡವಲ್ಲ, ಉಸಿರು. ಅದನ್ನು ಪೆದ್ದರ ವೇಷಕ್ಕೆ ಬಳಸಲು ನಾನು ಯಾರು? ಕಲಬುರಗಿ ಮಾತು ಬಳಸಿದರೆ ಆ ಕಡೆಯವರು ಸುಮ್ಮನಿರುತ್ತಾರಾ? ಸಿನಿಮಾದ ಹಳ್ಳಿಗನ ಕನ್ನಡ, ಯಾವ ಹಳ್ಳಿಯಲ್ಲೂ ಯಾರೂ ಆಡದ ಕನ್ನಡ ಇದೆಯಲ್ಲ, ಅದನ್ನೂ ಹಾಕಿ ನೋಡಿದೆ. ಜೋಕರ್ ಆದ. ಜೇಮ್ಸ್ ಕಾಣಲಿಲ್ಲ.

ನನ್ನ ಮಾತು ಅಲ್ಲಿಗೇ ನಿಂತಿತ್ತು, ಹೀಗಾಗಿ ಅನುವಾದ ಬಿಟ್ಟೆ ಅಂತ ಹೇಳಿ ಕೂತೆ. ಮುಂದಿನದು ಚಹಾ ಹೊತ್ತಿನದು, ಬರಹದಲ್ಲಿ ಸೇರಿಸುತ್ತಿದ್ದೇನೆ.

ಮುಂದಿನ ಸಾಲಿನಲ್ಲಿದ್ದ ಹಿರಿಯರೊಬ್ಬರು ಲೋಟ ಹಿಡಿದುಕೊಂಡು ಬಂದರು. ‘ಸಾರ್, ನಮ್ಮಪ್ಪನೂ ಬುದ್ಧಿ ಬುದ್ಧಿ ಅಂತಲೇ ಬದುಕಿದೋನು’ ಅಂದರು. ‘ಮನೇಲೂ ಅದೇ ಭಾಷೆ, ಜಗಲಿ ಮುಂದೆನೂ ಅದೇ ಭಾಷೆ. ಬೇರೆ ಭಾಷೆ ಎಲ್ಲಿತ್ತು ನಮ್ಗೆ? ಆದ್ರೆ ಜಗಲಿ ಮುಂದೆ ಮಾತು ಅರ್ಧಕ್ಕೇ ನಿಲ್ಲಿಸೋನು. ಉಳಿದರ್ಧ ಅವರೇ ಹೇಳ್ಕೊಳ್ಳಿ ಅಂತ. ಮನೆಗೆ ಬಂದು ಅದೇ ಮಾತು ಪೂರ್ತಿ ಹೇಳೋನು, ಅವರು ಹೇಳಿದ್ದೂ ಸೇರಿಸಿ, ಅವರ ದನೀಲೇ. ನಾವೆಲ್ಲ ಬಿದ್ದೂ ಬಿದ್ದೂ ನಗೋವು.’

ಅವತ್ತು ರಾತ್ರಿ ಆ ಎರಡು ಪುಟ ಹರಿದು ಹೊಸದಾಗಿ ಶುರು ಮಾಡಿದೆ. ಪುಸ್ತಕದ ಕನ್ನಡ ತೆಗೆದೆ. ವೋಲ್ಟೇರ್ ಜೊತೆ ಜಗಳವೂ ನಮ್ಮ ಮಾತಿನಲ್ಲೇ ನಡೆಯಲಿ. ಗುಡಿಸಲಿನ ಒಳಗೆ ಜೇಮ್ಸ್ ಈಗ ಮಗಳಿಗೆ ಹೇಳುತ್ತಾನೆ: ‘ಬೆಂಕಿ ಬಿದ್ದದ ಕಣವ್ವ, ನೀರ್ ಹುಯ್ದ್ರೆ ಇನ್ನೂ ಏಳ್ತದ, ಮರಳು ಎರಚು.’ ಅಂಗಳದಲ್ಲಿ ನಿಂತಾಗ: ‘ಅಮ್ಮೋರೇ, ಅಲ್ಲಿ...’